ಅಣ್ಣ ಮನೆ ಬಿಡಿ ಅಂತಾನೆ, ಠಾಣೆಯವರು ಸಿವಿಲ್ ಮ್ಯಾಟರ್ ಅಂತಾರೆ: ಕೋರ್ಟಿನಿಂದ ಪೊಲೀಸ್ ರಕ್ಷಣೆ ಸಿಗುತ್ತದೆಯೇ?

ಪ್ರಶ್ನೆ: ನಾನು ಹಾವೇರಿ ಜಿಲ್ಲೆಯವಳು, ವಯಸ್ಸು 41. ಮದುವೆ ಮುರಿದ ಮೇಲೆ ತವರಿನಲ್ಲಿ ಅವ್ವನ ಜೊತೆ ಇದ್ದೇನೆ. ಅವ್ವನಿಗೆ 68. ಅಪ್ಪ ಎರಡು ವರ್ಷದ ಹಿಂದೆ ತೀರಿಕೊಂಡರು, ವಿಲ್ ಬರೆದಿಲ್ಲ. ಮನೆ ಅಪ್ಪನೇ ದುಡಿದು ಕಟ್ಟಿಸಿದ್ದು, ಖಾತೆ ಇನ್ನೂ ಅವರ ಹೆಸರಿನಲ್ಲೇ ಇದೆ. ಅಣ್ಣ, ಅತ್ತಿಗೆ ಮೊದಲು ನಮ್ಮ ಜೊತೆಗೇ ಇದ್ದರು, ಈಗ ಅದೇ ಊರಲ್ಲಿ ಬೇರೆ ಮನೆ ಮಾಡಿದ್ದಾರೆ. ಮನೆ ಮಾರಬೇಕು, ಖಾಲಿ ಮಾಡಿ ಅಂತ ಅಣ್ಣ ಜನ ಕಟ್ಟಿಕೊಂಡು ಬರುತ್ತಾನೆ. ಕಳೆದ ತಿಂಗಳು ಅವ್ವನನ್ನು ತಳ್ಳಿದ, ನಲ್ಲಿ ಪೈಪು ಕಿತ್ತ, ಮುಂದಿನ ಕೋಣೆಗೆ ಬೀಗ ಜಡಿದು ಹೋದ. ಠಾಣೆಗೆ ಹೋದರೆ ‘ಇದು ಸಿವಿಲ್ ಮ್ಯಾಟರ್, ಕೋರ್ಟಿಗೆ ಹೋಗಿ’ ಅಂದರು. ಹೈಕೋರ್ಟಿನಲ್ಲಿ ರಿಟ್ ಹಾಕಿದರೆ ಮನೆ ಮುಂದೆ ಪೊಲೀಸರನ್ನು ನಿಲ್ಲಿಸುತ್ತಾರೆ ಎಂದು ಪರಿಚಯದವರು ಹೇಳುತ್ತಾರೆ. ಇದು ನಿಜವೇ? ಖರ್ಚು ಎಷ್ಟಾಗುತ್ತದೆ? ಅಣ್ಣ ಹಾಕಿದ ಬೀಗವನ್ನು ನಾವೇ ಒಡೆಯಬಹುದೇ?

ಉತ್ತರ:

ಮೊದಲು ಹೈಕೋರ್ಟಿನ ಮಾತು. ಸಂವಿಧಾನದ 226ನೇ ವಿಧಿಯಡಿ ರಿಟ್ ಹಾಕಬಹುದು, ಅಂದರೆ ಪೊಲೀಸರಂಥ ಸರ್ಕಾರಿ ಅಧಿಕಾರಿಗಳಿಗೆ ಆದೇಶ ಕೊಡಿ ಎಂದು ಹೈಕೋರ್ಟನ್ನೇ ಕೇಳುವ ಅರ್ಜಿ. ಹಾವೇರಿ ಜಿಲ್ಲೆಯವರಾದ್ದರಿಂದ ನಿಮಗೆ ಧಾರವಾಡ ಪೀಠ. ಆದರೆ ಇವತ್ತು ನಿಮ್ಮ ಕೈಯಲ್ಲಿರುವ ಕಾಗದಗಳನ್ನಷ್ಟೇ ಹಿಡಿದುಕೊಂಡು ಅಲ್ಲಿಗೆ ಹೋಗಬೇಡಿ. ನಿಮ್ಮ ಕೆಲಸ ಮೊದಲು ಆಗಬೇಕಾದದ್ದು ನಿಮ್ಮ ತಾಲ್ಲೂಕಿನ ಜೆಎಂಎಫ್‌ಸಿ (ಪ್ರಥಮ ದರ್ಜೆ ಮ್ಯಾಜಿಸ್ಟ್ರೇಟ್) ಕೋರ್ಟಿನಲ್ಲಿ.

ಯಾಕೆ ಅಂತ ಹೇಳುತ್ತೇನೆ. ಪೊಲೀಸ್ ರಕ್ಷಣೆ ಕೊಡಿಸಿ ಎಂದು ರಿಟ್ ಹಾಕಿದಾಗ ನ್ಯಾಯಮೂರ್ತಿಗಳು ಕೇಳುವುದು ಒಂದೇ: ಪೊಲೀಸರು ಕಾಯಬೇಕಾದ ಹಕ್ಕು ಯಾವುದು, ಅದು ನಿಮ್ಮದು ಎಂದು ಯಾವ ಕೋರ್ಟು ಹೇಳಿದೆ? ಪಿ.ಆರ್. ಮುರಳೀಧರನ್ ಪ್ರಕರಣದಲ್ಲಿ 2006ರಲ್ಲೇ ಸುಪ್ರೀಂ ಕೋರ್ಟ್ ಇದನ್ನು ನೇರವಾಗಿ ಹೇಳಿದೆ. ಸಿವಿಲ್ ಕೋರ್ಟಿನ ಡಿಕ್ರಿ (ಅಂತಿಮ ತೀರ್ಪಿನ ಆದೇಶ) ಅಥವಾ ಸ್ಪಷ್ಟವಾದ ಮಧ್ಯಂತರ ಆದೇಶ ಇದ್ದರೆ ಅದನ್ನು ಜಾರಿ ಮಾಡಿಸಲು ರಕ್ಷಣೆ ಕೇಳಬಹುದು. ಹಕ್ಕು ಯಾರದ್ದು ಎಂಬುದೇ ತೀರ್ಮಾನವಾಗದೆ ಇರುವಾಗ ರಕ್ಷಣೆಯ ಹೆಸರಿನಲ್ಲಿ ರಿಟ್ ಹಾಕಿ ಆಸ್ತಿ ಜಗಳ ಗೆಲ್ಲಲು ಬಿಡುವುದಿಲ್ಲ ಎಂಬುದು ಅದರ ಸಾರ. ಯೋಚಿಸಿ ನೋಡಿ, ಇದು ನಿಮಗೂ ಒಳ್ಳೆಯದೇ. ಇಲ್ಲದಿದ್ದರೆ ನಿಮ್ಮ ಅಣ್ಣನೇ ಮೊದಲು ಹೋಗಿ ‘ನನ್ನ ಮನೆಗೆ ನನಗೆ ಹೋಗಲು ಬಿಡುತ್ತಿಲ್ಲ, ಪೊಲೀಸರನ್ನು ಕೊಡಿ’ ಎಂದು ಆದೇಶ ತರಬಹುದಿತ್ತು, ಅಲ್ವಾ?

ಕೋರ್ಟಿನ ಆದೇಶವಿಲ್ಲದೆ ಹಾಕಿದ ರಿಟ್ ಹೆಚ್ಚಿನ ಸಲ ಹೇಗೆ ಮುಗಿಯುತ್ತದೆ ಗೊತ್ತೇ? ‘ಅರ್ಜಿದಾರರ ಮನವಿಯನ್ನು ಪೊಲೀಸರು ಪರಿಶೀಲಿಸಿ ಕಾನೂನು ಪ್ರಕಾರ ಕ್ರಮ ಕೈಗೊಳ್ಳಲಿ’ ಎಂಬ ಎರಡು ಸಾಲಿನಲ್ಲಿ. ಆ ಎರಡು ಸಾಲು ಹಿಡಿದುಕೊಂಡು ನೀವು ಮತ್ತೆ ಅದೇ ಠಾಣೆಗೆ ಬರುತ್ತೀರಿ. ಅವರು ಪರಿಶೀಲಿಸುತ್ತಾರೆ. ‘ಸಿವಿಲ್ ಸ್ವರೂಪದ್ದು’ ಎಂದು ಹಿಂಬರಹ ಕೊಡುತ್ತಾರೆ. ದುಡ್ಡು ಹೋಯಿತು, ತಿಂಗಳುಗಳೂ ಹೋದವು.

ಪ್ರಾಣಕ್ಕೇ ಅಪಾಯ ಇದ್ದರೆ ಮಾತು ಬೇರೆ. ಮನೆಯವರ ವಿರೋಧ ಕಟ್ಟಿಕೊಂಡು ಮದುವೆಯಾದ ಜೋಡಿಗಳು ನೇರವಾಗಿ ಹೈಕೋರ್ಟಿಗೆ ಹೋಗುವುದು ಈ ಕಾರಣಕ್ಕೆ. ಲತಾ ಸಿಂಗ್ (2006) ಮತ್ತು ಶಕ್ತಿವಾಹಿನಿ (2018) ತೀರ್ಪುಗಳು ಅವರ ಬೆನ್ನಿಗಿವೆ. ವಯಸ್ಕರು ಯಾರನ್ನು ಮದುವೆಯಾಗಬೇಕು ಎಂಬುದು ಅವರದೇ ಇಷ್ಟ, ಅವರನ್ನು ಕಾಪಾಡುವುದು ಪೊಲೀಸರ ಕೆಲಸ ಎಂದು ಅವು ಹೇಳುತ್ತವೆ. ಅಲ್ಲಿ ಯಾವ ಆಸ್ತಿಯ ಹಕ್ಕನ್ನೂ ಮೊದಲು ಸಾಬೀತು ಮಾಡಬೇಕಿಲ್ಲ, ವಯಸ್ಸಿನ ದಾಖಲೆ ಮತ್ತು ಬೆದರಿಕೆಯ ವಿವರ ಸಾಕು. ನಿಮ್ಮ ಜಗಳದ ಬೇರು ಮನೆಯಲ್ಲಿದೆ, ಹಾಗಾಗಿ ದಾರಿ ಬೇರೆ.

ಇನ್ನೊಂದು ಭ್ರಮೆಯನ್ನೂ ಈಗಲೇ ಬಿಟ್ಟುಬಿಡಿ. ‘ಪೊಲೀಸ್ ರಕ್ಷಣೆ’ ಅಂದ ತಕ್ಷಣ ಗೇಟಿನ ಮುಂದೆ ಬಂದೂಕು ಹಿಡಿದ ಕಾನ್‌ಸ್ಟೇಬಲ್ ಕಣ್ಣಿಗೆ ಬರುತ್ತಾನೆ. ಗನ್‌ಮ್ಯಾನ್ ಕೊಡುವ ಪದ್ಧತಿಯೇ ಬೇರೆ, ಅದಕ್ಕೆ ಬೆದರಿಕೆ ಎಷ್ಟಿದೆ ಎಂದು ಇಲಾಖೆ ಅಳೆಯುತ್ತದೆ. ಕೌಟುಂಬಿಕ ಜಗಳದಲ್ಲಿ ಆದೇಶ ಬಂದರೆ ಆಗುವುದು ಇಷ್ಟು: ಠಾಣಾಧಿಕಾರಿ ಎದುರು ಪಾರ್ಟಿಯನ್ನು ಕರೆಸಿ ಎಚ್ಚರಿಕೆ ಕೊಡುತ್ತಾರೆ, ಬೀಟ್ ಪೊಲೀಸರು ಆ ರಸ್ತೆಯಲ್ಲಿ ಒಂದು ಸುತ್ತು ಜಾಸ್ತಿ ಬರುತ್ತಾರೆ, ನೀವು ಫೋನ್ ಮಾಡಿದಾಗ ‘ಸಿವಿಲ್ ಮ್ಯಾಟರ್’ ಎಂದು ಹೇಳಲು ಅವರಿಗೆ ಆಗುವುದಿಲ್ಲ. ಕೇಳಲು ಸಣ್ಣದು ಅನಿಸಬಹುದು. ಜನ ಕಟ್ಟಿಕೊಂಡು ಬರುವ ಅಣ್ಣಂದಿರಿಗೆ ಸಾಮಾನ್ಯವಾಗಿ ಇಷ್ಟೇ ಸಾಕಾಗುತ್ತದೆ, ಯಾಕೆಂದರೆ ಅವರ ಧೈರ್ಯವೆಲ್ಲ ಪೊಲೀಸರು ಬರುವುದಿಲ್ಲ ಎಂಬ ನಂಬಿಕೆಯ ಮೇಲೆ ನಿಂತಿರುತ್ತದೆ.

ಠಾಣೆಯವರು ಹೇಳಿದ್ದು ಅರ್ಧ ನಿಜ

ಮನೆ ಯಾರದ್ದು, ಯಾರಿಗೆ ಎಷ್ಟು ಪಾಲು ಎಂದು ತೀರ್ಮಾನಿಸುವುದು ಪೊಲೀಸರ ಕೆಲಸವಲ್ಲ. ಅಷ್ಟರ ಮಟ್ಟಿಗೆ ಅವರು ಸರಿ. ಆದರೆ 68 ವರ್ಷದ ಹೆಂಗಸನ್ನು ತಳ್ಳುವುದು ಸಿವಿಲ್ ಹೇಗಾಗುತ್ತದೆ? ದಾರಿ ಅಡ್ಡಗಟ್ಟುವುದು, ಹೊಡೆಯುವುದು, ಬೆದರಿಸುವುದು, ಇವೆಲ್ಲ 2024ರ ಜುಲೈ 1ರಿಂದ ಜಾರಿಯಲ್ಲಿರುವ ಭಾರತೀಯ ನ್ಯಾಯ ಸಂಹಿತೆಯಲ್ಲಿ ಅಪರಾಧಗಳೇ. ಇವುಗಳಲ್ಲಿ ಕೆಲವು ಅಸಂಜ್ಞೇಯ, ಅಂದರೆ ಮ್ಯಾಜಿಸ್ಟ್ರೇಟರ ಅನುಮತಿ ಇಲ್ಲದೆ ತನಿಖೆ ಮಾಡುವಂತಿಲ್ಲ. ಅಂಥದ್ದಕ್ಕೂ ಎನ್‌ಸಿಆರ್ (ಅಸಂಜ್ಞೇಯ ದೂರಿನ ದಾಖಲೆ) ಮಾಡಿ ನಂಬರ್ ಕೊಡಬೇಕು. ಸಂಜ್ಞೇಯ ಅಪರಾಧ (ಅಂಥ ಅನುಮತಿ ಇಲ್ಲದೆಯೇ ಪೊಲೀಸರು ತನಿಖೆ ಮಾಡಬಹುದಾದದ್ದು) ಇದ್ದರೆ ಎಫ್‌ಐಆರ್ ಕಡ್ಡಾಯ ಎಂದು ಲಲಿತಾ ಕುಮಾರಿ ಪ್ರಕರಣದಲ್ಲಿ 2013ರಲ್ಲಿ ಸಂವಿಧಾನ ಪೀಠವೇ ಹೇಳಿದೆ. ಕೌಟುಂಬಿಕ ಜಗಳಗಳಲ್ಲಿ ಮೊದಲು ಒಂದು ಪ್ರಾಥಮಿಕ ವಿಚಾರಣೆ ಮಾಡಲು ಅದೇ ತೀರ್ಪು ಅವಕಾಶ ಕೊಟ್ಟಿದೆ. ಠಾಣೆಗಳಲ್ಲಿ ದೂರು ನಿಂತುಹೋಗುವುದು ಈ ಸಂದಿನಲ್ಲೇ.

ಆದ್ದರಿಂದ ಇನ್ನು ಮೇಲೆ ಬಾಯಿಮಾತಿನಲ್ಲಿ ದೂರು ಹೇಳಿ ಬರಬೇಡಿ. ಬರೆದು ಕೊಡಿ, ಎರಡನೇ ಪ್ರತಿಗೆ ಸೀಲು, ತಾರೀಖು ಹಾಕಿಸಿಕೊಳ್ಳಿ. ತೆಗೆದುಕೊಳ್ಳದಿದ್ದರೆ ಅದೇ ದೂರನ್ನು ಜಿಲ್ಲಾ ಎಸ್‌ಪಿಗೆ ಅಂಚೆಯಲ್ಲಿ ಕಳುಹಿಸಿ. ಹಳೆಯ ಸಿಆರ್‌ಪಿಸಿಯ ಜಾಗಕ್ಕೆ ಬಂದ ಭಾರತೀಯ ನಾಗರಿಕ ಸುರಕ್ಷಾ ಸಂಹಿತೆಯ ಸೆಕ್ಷನ್ 173(4) ಹೇಳುವ ದಾರಿ ಇದು. ಅಲ್ಲಿಯೂ ಏನೂ ಆಗದಿದ್ದರೆ 175(3)ರ ಅಡಿ ಅಫಿಡವಿಟ್ ಸಮೇತ ಮ್ಯಾಜಿಸ್ಟ್ರೇಟರ ಮುಂದೆ ಹೋಗಬಹುದು. ಎಫ್‌ಐಆರ್ ಮಾಡುತ್ತಿಲ್ಲ ಎಂಬ ದೂರಿಗೆ ಮೊದಲ ಮದ್ದು ಮ್ಯಾಜಿಸ್ಟ್ರೇಟರ ಹತ್ತಿರವೇ ಇದೆ, ಹೈಕೋರ್ಟಿಗೆ ಓಡಿ ಬರಬೇಡಿ ಎಂದು ಸಕಿರಿ ವಾಸು ಪ್ರಕರಣದಲ್ಲಿ 2007ರಲ್ಲಿ ಸುಪ್ರೀಂ ಕೋರ್ಟ್ ಹೇಳಿದೆ. ಗಲಾಟೆ ನಡೆಯುತ್ತಿರುವಾಗಲೇ 112ಕ್ಕೆ ಕರೆ ಮಾಡಿ. ಆ ಕರೆಯ ದಾಖಲೆ ಮುಂದೆ ನಿಮ್ಮ ಸಾಕ್ಷಿ. ಅವ್ವನಿಗೆ ಪೆಟ್ಟು ಬಿದ್ದರೆ ಸರ್ಕಾರಿ ಆಸ್ಪತ್ರೆಯಲ್ಲಿ ತೋರಿಸಿ, ಹೇಗೆ ಪೆಟ್ಟಾಯಿತು ಎಂಬುದನ್ನು ವೈದ್ಯರಿಗೆ ಇದ್ದಹಾಗೆ ಹೇಳಿ, ಎಂಎಲ್‌ಸಿ (ಪೊಲೀಸ್ ಕೇಸಿಗೆ ಬೇಕಾಗುವ ವೈದ್ಯಕೀಯ ದಾಖಲೆ) ಬರೆಸಿ. ‘ಮೆಟ್ಟಿಲಿಂದ ಜಾರಿದೆ’ ಎಂದು ಮರ್ಯಾದೆಗೆ ಅಂಜಿ ಹೇಳುವ ತಾಯಂದಿರು ಜಾಸ್ತಿ. ಆ ಒಂದು ಸಾಲು ಮುಂದೆ ಕೇಸನ್ನೇ ಮುಳುಗಿಸುತ್ತದೆ.

ಠಾಣೆಯಲ್ಲಿ ರಾಜಿ ಪಂಚಾಯಿತಿಗೆ ಕೂರಿಸಿದರೆ ಕೂರಿ, ತಪ್ಪಿಲ್ಲ. ಆದರೆ ‘ಇಂಥ ತಾರೀಖಿನೊಳಗೆ ಮನೆ ಖಾಲಿ ಮಾಡುತ್ತೇವೆ’ ಎಂಬ ಮುಚ್ಚಳಿಕೆಗೆ ಮಾತ್ರ ಸಹಿ ಹಾಕಬೇಡಿ. ಅಂಥದ್ದನ್ನು ಬರೆಸಿಕೊಳ್ಳುವ ಅಧಿಕಾರ ಠಾಣೆಗಿಲ್ಲ. ಬರೆದುಕೊಟ್ಟರೆ ಎದುರಿನ ವಕೀಲರು ಅದನ್ನು ಪ್ರತಿ ಹಿಯರಿಂಗ್‌ನಲ್ಲೂ ಎತ್ತಿ ತೋರಿಸುತ್ತಾರೆ.

ನಿಮ್ಮ ಮುಖ್ಯ ದಾರಿ: ಡಿವಿ ಕಾಯ್ದೆ

ಕೌಟುಂಬಿಕ ದೌರ್ಜನ್ಯದಿಂದ ಮಹಿಳೆಯರ ರಕ್ಷಣೆ ಕಾಯ್ದೆ 2005. ಕೋರ್ಟಿನ ಅಂಗಳದಲ್ಲಿ ಎಲ್ಲರೂ ‘ಡಿವಿ’ ಅನ್ನುತ್ತಾರೆ. ಇದು ಗಂಡ ಹೆಂಡತಿಯ ಜಗಳಕ್ಕೆ ಮಾತ್ರ ಎಂದು ಜನ ತಿಳಿದಿದ್ದಾರೆ. ಹಾಗೇನಿಲ್ಲ. ರಕ್ತಸಂಬಂಧ ಇದ್ದು, ಒಂದೇ ಮನೆಯಲ್ಲಿ ಎಂದಾದರೂ ಒಟ್ಟಿಗೆ ಬಾಳಿದ್ದರೆ ಸಾಕು. ತಾಯಿ ಮಗನ ಮೇಲೆ ಹಾಕಬಹುದು, ತಂಗಿ ಅಣ್ಣನ ಮೇಲೆ ಹಾಕಬಹುದು. ನಿಮ್ಮ ಅಣ್ಣ ಈಗ ಬೇರೆ ಮನೆಯಲ್ಲಿದ್ದರೂ ಮೊದಲು ಜೊತೆಗಿದ್ದ ಎಂದು ಬರೆದಿದ್ದೀರಿ, ಅದು ಬಹಳ ಮುಖ್ಯ. ಅದನ್ನು ಅರ್ಜಿಯಲ್ಲಿ ವರ್ಷಗಳ ಸಮೇತ ಬರೆಯಿರಿ. ಹಳೆಯ ರೇಷನ್ ಕಾರ್ಡಿನಲ್ಲಿ ಎಲ್ಲರ ಹೆಸರಿದ್ದರೆ ಅದನ್ನೂ ಲಗತ್ತಿಸಿ. ಅತ್ತಿಗೆಯನ್ನೂ ಎದುರುದಾರಳಾಗಿ ಸೇರಿಸಬಹುದು. ಮೊದಲು ಕಾಯ್ದೆಯಲ್ಲಿ ‘ವಯಸ್ಕ ಪುರುಷ’ ಎಂದಿತ್ತು, 2016ರಲ್ಲಿ ಹಿರಲ್ ಹರ್ಸೋರಾ ತೀರ್ಪಿನಲ್ಲಿ ಆ ಎರಡು ಪದ ಬಿದ್ದುಹೋದವು.

ಇಲ್ಲಿ ಮನೆ ಯಾರ ಹೆಸರಿನಲ್ಲಿದೆ ಎಂಬುದು ನಿರ್ಣಾಯಕವಲ್ಲ. ಒಟ್ಟಿಗೆ ಬಾಳಿದ ಮನೆಯಲ್ಲಿ ವಾಸ ಮಾಡುವ ಹಕ್ಕನ್ನು ಸೆಕ್ಷನ್ 17 ಕೊಡುತ್ತದೆ, ಮಾಲೀಕತ್ವ ಇರಲಿ ಬಿಡಲಿ. ನೀರಿನ ಪೈಪು ಕಿತ್ತದ್ದು, ಕೋಣೆಗೆ ಬೀಗ ಹಾಕಿದ್ದು ಈ ಕಾಯ್ದೆಯ ಪ್ರಕಾರ ‘ಆರ್ಥಿಕ ದೌರ್ಜನ್ಯ’ದೊಳಗೆ ಬರುತ್ತದೆ. ಹೊಡೆತ ಬಿದ್ದಿರಲೇಬೇಕು ಅಂತೇನೂ ಇಲ್ಲ.

ಈಗ ಅರ್ಜಿಯಲ್ಲಿ ಏನು ಕೇಳಬೇಕು ಎಂಬುದು. ಹೆಚ್ಚಿನ ಅರ್ಜಿಗಳು ಸೋಲುವುದು ಇಲ್ಲಿ, ಆದ್ದರಿಂದ ಸ್ವಲ್ಪ ನಿಧಾನವಾಗಿ ಓದಿ.

ಸೆಕ್ಷನ್ 18 ರಕ್ಷಣಾ ಆದೇಶದ್ದು: ದೌರ್ಜನ್ಯ ಮಾಡಬಾರದು, ಫೋನಿನಲ್ಲಿ ಸಹ ಕಾಡಬಾರದು, ಬೇರೆಯವರಿಂದಲೂ ಮಾಡಿಸಬಾರದು. ಸೆಕ್ಷನ್ 19 ವಾಸದ ಆದೇಶದ್ದು: ಮನೆಯಿಂದ ಹೊರಹಾಕಬಾರದು, ನೆಮ್ಮದಿ ಕೆಡಿಸಬಾರದು, ಮಾರಬಾರದು, ನೀವು ವಾಸಿಸುವ ಭಾಗಕ್ಕೆ ಅವನಾಗಲಿ ಅವನ ಸಂಬಂಧಿಕರಾಗಲಿ ಬರಬಾರದು. ಬೇಕಿದ್ದರೆ ಅವನನ್ನೇ ಮನೆಯಿಂದ ಹೊರಗಿಡಲು ಕೂಡ ಆದೇಶ ಮಾಡಬಹುದು. ಹೆಂಗಸರ ಮೇಲೆ ಮಾತ್ರ ಅಂಥ ಹೊರಹಾಕುವ ಆದೇಶ ಬರುವುದಿಲ್ಲ, ಅತ್ತಿಗೆಯ ವಿಷಯದಲ್ಲಿ ಇದು ನೆನಪಿರಲಿ. ಎರಡೂ ಸೆಕ್ಷನ್ ಹೆಸರಿಸಿ ಕೇಳಿ. ಯಾಕೆಂದರೆ ಆದೇಶ ಮುರಿದರೆ ಜೈಲು ಎನ್ನುವ ಸೆಕ್ಷನ್ 31 ‘ರಕ್ಷಣಾ ಆದೇಶ’ ಎಂಬ ಪದವನ್ನೇ ಬಳಸುತ್ತದೆ. ಬರೀ 19ರ ಅಡಿ ಆದೇಶ ತಂದಿದ್ದರೆ ‘ಇದು ವಾಸದ ಆದೇಶ, 31 ಅನ್ವಯಿಸುವುದಿಲ್ಲ’ ಎಂದು ಎದುರಿನವರು ವಾದ ಹೂಡುತ್ತಾರೆ. ಆ ವಾದಕ್ಕೆ ಜಾಗವೇ ಕೊಡಬಾರದು.

ಇನ್ನು ನೀವು ಕೇಳಿದ ಪೊಲೀಸ್ ರಕ್ಷಣೆ. ಅದು ಇರುವುದು ಸೆಕ್ಷನ್ 19(5)ರಲ್ಲಿ. ವಾಸದ ಆದೇಶ ಮಾಡುವಾಗಲೇ, ಹತ್ತಿರದ ಠಾಣಾಧಿಕಾರಿ ಈ ಮಹಿಳೆಗೆ ರಕ್ಷಣೆ ಕೊಡಬೇಕು ಅಥವಾ ಆದೇಶ ಜಾರಿಗೆ ನೆರವಾಗಬೇಕು ಎಂದು ಮ್ಯಾಜಿಸ್ಟ್ರೇಟರು ನಿರ್ದೇಶಿಸಬಹುದು. ರಕ್ಷಣಾ ಆದೇಶದ ಜಾರಿಗೆ ನೆರವಾಗಿ ಎನ್ನುವುದು 19(7). ಇಷ್ಟು ಸ್ಪಷ್ಟವಾಗಿ ಕಾಯ್ದೆಯಲ್ಲೇ ಬರೆದಿರುವಾಗ ಅದಕ್ಕಾಗಿ ಧಾರವಾಡಕ್ಕೆ ಯಾಕೆ ಹೋಗಬೇಕು? ಬೇಸರದ ಸಂಗತಿ ಎಂದರೆ ಅನೇಕ ವಕೀಲರು ಜೀವನಾಂಶಕ್ಕೆ ಉದ್ದುದ್ದ ಬರೆದು ಈ ಒಂದು ಸಾಲನ್ನು ಬಿಟ್ಟುಬಿಡುತ್ತಾರೆ. ನಿಮ್ಮ ವಕೀಲರಿಗೆ ನೀವೇ ನೆನಪಿಸಿ, ಠಾಣೆಯ ಹೆಸರು ಹಾಕಿಸಿಯೇ ಪ್ರಾರ್ಥನೆ ಬರೆಸಿ. 19(3)ರ ಅಡಿ, ಮತ್ತೆ ದೌರ್ಜನ್ಯ ಮಾಡುವುದಿಲ್ಲ ಎಂದು ಅಣ್ಣನಿಂದ ಬಾಂಡ್ ಬರೆಸಿಕೊಳ್ಳುವಂತೆಯೂ ಕೇಳಬಹುದು.

ಕಾನೂನಿನ ಪ್ರಕಾರ ಮೊದಲ ವಿಚಾರಣೆ ಸಾಮಾನ್ಯವಾಗಿ 3 ದಿನದೊಳಗೆ, ಇಡೀ ಅರ್ಜಿ 60 ದಿನದೊಳಗೆ ಮುಗಿಯಬೇಕು. ಈ 60 ದಿನವನ್ನು ನಂಬಿ ಕೂರಬೇಡಿ, ನೋಟಿಸ್ ಜಾರಿಯಾಗುವುದಕ್ಕೇ ಅಷ್ಟು ದಿನ ಹೋಗುವುದುಂಟು. ಹಾಗಾಗಿ ಅರ್ಜಿಯ ಜೊತೆಗೇ ಸೆಕ್ಷನ್ 23ರ ಅಡಿ ಮಧ್ಯಂತರ ಆದೇಶಕ್ಕೆ ಕೇಳಿ. ಅಫಿಡವಿಟ್ ನೋಡಿ, ಎದುರಿನವರಿಗೆ ನೋಟಿಸ್ ಕೊಡುವ ಮುಂಚೆಯೇ ಆದೇಶ ಮಾಡುವ ಅಧಿಕಾರ ಮ್ಯಾಜಿಸ್ಟ್ರೇಟರಿಗೆ ಇದೆ. ಆ ಅಫಿಡವಿಟ್ ಹೇಗಿರಬೇಕು? ತಾರೀಖು, ಸಮಯ, ಯಾರು ಬಂದರು, ಏನು ಮಾಡಿದರು, ಯಾರು ನೋಡಿದರು. ಅಷ್ಟೇ. ‘ನಿರಂತರವಾಗಿ ಮಾನಸಿಕ ಮತ್ತು ದೈಹಿಕ ಹಿಂಸೆ’ ಎಂಬ ಸಾಲನ್ನು ನ್ಯಾಯಾಧೀಶರು ದಿನವೂ ಓದುತ್ತಾರೆ. ಅದಕ್ಕಿಂತ ‘ಇಂಥ ದಿನ ಬೆಳಿಗ್ಗೆ ನಲ್ಲಿ ಪೈಪು ಕಿತ್ತ, ಅವತ್ತಿನಿಂದ ಪಕ್ಕದ ಮನೆಯಿಂದ ನೀರು ತರುತ್ತಿದ್ದೇವೆ’ ಎಂಬ ಸಾಲಿಗೆ ತೂಕ ಜಾಸ್ತಿ. ಇಲ್ಲದ್ದನ್ನು ಸೇರಿಸಬೇಡಿ. ತಳ್ಳಿದ್ದನ್ನು ಕೊಲೆ ಯತ್ನ ಎಂದು ಬರೆದರೆ, ತಳ್ಳಿದ್ದನ್ನೂ ಯಾರೂ ನಂಬುವುದಿಲ್ಲ. ವಿಡಿಯೊ ಇದ್ದರೆ ಫೋನಿನಲ್ಲಿ ಹಾಗೇ ಉಳಿಸಿಕೊಳ್ಳಿ. ಕೋರ್ಟಿಗೆ ಕೊಡುವಾಗ ಭಾರತೀಯ ಸಾಕ್ಷ್ಯ ಅಧಿನಿಯಮದ 63ನೇ ಸೆಕ್ಷನ್‌ನ ಪ್ರಮಾಣಪತ್ರ ಬೇಕಾಗುತ್ತದೆ, ವಕೀಲರು ಮಾಡಿಕೊಡುತ್ತಾರೆ.

ಅರ್ಜಿ ಹಾಕಲು ಸಿಡಿಪಿಓ (ಶಿಶು ಅಭಿವೃದ್ಧಿ ಯೋಜನಾಧಿಕಾರಿ) ಕಚೇರಿಗೂ ಹೋಗಬಹುದು. ನಮ್ಮ ರಾಜ್ಯದಲ್ಲಿ ಸಿಡಿಪಿಓಗಳೇ ಈ ಕಾಯ್ದೆಯ ಸಂರಕ್ಷಣಾಧಿಕಾರಿಗಳು. ಅವರು ನಡೆದದ್ದನ್ನು ಕೇಳಿ ಒಂದು ವರದಿ ಮಾಡುತ್ತಾರೆ, ಅದಕ್ಕೆ ಡಿಐಆರ್ (ಕೌಟುಂಬಿಕ ಘಟನೆಯ ವರದಿ) ಅನ್ನುತ್ತಾರೆ. ಈ ವರದಿ ಇದ್ದರೆ ಮಧ್ಯಂತರ ಆದೇಶಕ್ಕೆ ಬಲ ಬರುತ್ತದೆ. ಅವ್ವ ಮತ್ತು ನೀವು ಇಬ್ಬರೂ ಅರ್ಜಿದಾರರಾಗಿ. ಅವ್ವನಿಗೆ ಮಗನ ವಿರುದ್ಧ ಕೋರ್ಟಿಗೆ ಹೋಗಲು ಮನಸ್ಸು ಬರುವುದಿಲ್ಲ ಎಂಬುದು ಗೊತ್ತು. ಒತ್ತಾಯ ಮಾಡಬೇಡಿ. ಆದರೆ ನೀವೊಬ್ಬರೇ ಹಾಕಿದರೆ, ಮುಂದೆ ಅಣ್ಣ ಅವ್ವನನ್ನೇ ಕರೆದುಕೊಂಡು ಬಂದು ‘ನನಗೆ ಮಗನಿಂದ ಏನೂ ತೊಂದರೆ ಇಲ್ಲ’ ಎಂದು ಹೇಳಿಸುವ ಸಾಧ್ಯತೆಯನ್ನೂ ಯೋಚಿಸಿ ಇಟ್ಟುಕೊಳ್ಳಿ.

ಆದೇಶ ಬಂದ ದಿನ ಮನೆಗೆ ಬಂದು ಸುಮ್ನೆ ಕೂರಬೇಡಿ. ಆದೇಶದ ಪ್ರತಿಯನ್ನು ಪಕ್ಷಗಾರರಿಗೂ ಠಾಣಾಧಿಕಾರಿಗೂ ಉಚಿತವಾಗಿ ಕೊಡಬೇಕು ಎಂದು ಸೆಕ್ಷನ್ 24 ಹೇಳುತ್ತದೆ. ಆದರೂ ನೀವೇ ಒಂದು ದೃಢೀಕೃತ ಪ್ರತಿ ತೆಗೆದುಕೊಂಡು, ಮುಖಪತ್ರದ ಸಮೇತ ಠಾಣೆಗೆ ಕೊಟ್ಟು ಸೀಲು ಹಾಕಿಸಿಕೊಳ್ಳಿ. ಅಣ್ಣ ಆದೇಶ ಮುರಿದರೆ ಅದೇ ಒಂದು ಅಪರಾಧ. ಒಂದು ವರ್ಷದವರೆಗೆ ಜೈಲು ಅಥವಾ 20,000 ರೂಪಾಯಿವರೆಗೆ ದಂಡ, ಇಲ್ಲವೇ ಎರಡೂ. ಅದು ಸಂಜ್ಞೇಯ ಮತ್ತು ಜಾಮೀನು ರಹಿತ. ಆಮೇಲೆ ‘ಸಿವಿಲ್ ಮ್ಯಾಟರ್’ ಎಂಬ ಮಾತು ಠಾಣೆಯಲ್ಲಿ ಹುಟ್ಟುವುದಿಲ್ಲ.

ಸಿವಿಲ್ ದಾವೆ ಬೇಡವೇ?

ಬೇಕು, ಆದರೆ ಎರಡನೆಯದಾಗಿ. ಡಿವಿ ಆದೇಶ ನಿಮ್ಮ ವಾಸವನ್ನು ಕಾಯುತ್ತದೆ, ಪಾಲನ್ನು ಹಂಚುವುದಿಲ್ಲ. ನೀವು ಹಿಂದೂ ವಾರಸಾ ಕಾಯ್ದೆಗೆ ಒಳಪಡುವವರು ಎಂದುಕೊಂಡು ಹೇಳುತ್ತಿದ್ದೇನೆ. ಅಪ್ಪ ಸ್ವಂತ ದುಡಿಮೆಯಲ್ಲಿ ಕಟ್ಟಿಸಿದ ಮನೆ, ವಿಲ್ ಇಲ್ಲ, ಇರುವುದು ನೀವು ಮೂವರೇ ಎಂದಾದರೆ ಅವ್ವ, ಅಣ್ಣ, ನೀವು ತಲಾ ಮೂರನೇ ಒಂದು ಭಾಗ. ವಾಸದ ಮನೆಯಲ್ಲಿ ಹೆಣ್ಣುಮಕ್ಕಳು ವಿಭಾಗ ಕೇಳುವಂತಿಲ್ಲ ಎಂದು ಯಾರಾದರೂ ಹೇಳಿದರೆ, ಅವರು ಆ ವಾರಸಾ ಕಾಯ್ದೆಯ ಹಳೆಯ ಸೆಕ್ಷನ್ 23 ಓದಿದ್ದಾರೆ ಅಷ್ಟೇ. ಅದು 2005ರಲ್ಲಿ ಹೋಯಿತು. ಖಾತೆಯನ್ನು ಅಣ್ಣ ಒಬ್ಬನೇ ತನ್ನ ಹೆಸರಿಗೆ ಮಾಡಿಸಿಕೊಂಡರೂ ಅದರಿಂದ ಅವನೊಬ್ಬನೇ ಮಾಲೀಕ ಆಗುವುದಿಲ್ಲ. ಆದರೂ ಖಾತೆ ಬದಲಿಸಬೇಡಿ ಎಂದು ಸ್ಥಳೀಯ ಸಂಸ್ಥೆಗೆ ಇವತ್ತೇ ಒಂದು ತಕರಾರು ಅರ್ಜಿ ಕೊಡಿ. ಖಾತೆ ತೋರಿಸಿ ಅಡ್ವಾನ್ಸ್ ತೆಗೆದುಕೊಳ್ಳುವವರು ಬಹಳ.

ವಿಭಾಗದ ದಾವೆಯ ಜೊತೆಗೆ ಸಿಪಿಸಿ (ಸಿವಿಲ್ ಪ್ರಕ್ರಿಯಾ ಸಂಹಿತೆ) ಆರ್ಡರ್ 39ರ ಅಡಿ ತಾತ್ಕಾಲಿಕ ತಡೆಯಾಜ್ಞೆಗೆ ಐಎ (ಮಧ್ಯಂತರ ಅರ್ಜಿ) ಹಾಕುತ್ತೀರಿ. ಇಲ್ಲಿ ಒಂದು ಸೂಕ್ಷ್ಮ ಇದೆ. ಅಣ್ಣನೂ ಸಹ ಮಾಲೀಕ. ‘ಅವನು ಮನೆಗೆ ಕಾಲಿಡಲೇಬಾರದು’ ಎಂದು ಸಿವಿಲ್ ಕೋರ್ಟಿನಲ್ಲಿ ಕೇಳಿದರೆ ಸಿಗುವುದು ಕಷ್ಟ, ಒಬ್ಬ ಪಾಲುದಾರ ಇನ್ನೊಬ್ಬನ ಮೇಲೆ ಅಂಥ ಆಜ್ಞೆ ಪಡೆಯುವುದು ಅಪರೂಪ. ಕೇಳಬೇಕಾದದ್ದು ಹೀಗೆ: ನಮ್ಮನ್ನು ಹೊರಹಾಕಬಾರದು, ಮಾರಬಾರದು, ಅಡವಿಡಬಾರದು, ಹೊರಗಿನ ಜನರನ್ನು ತರಬಾರದು, ನೀರು ಮತ್ತು ಕರೆಂಟು ಕಡಿಯಬಾರದು. ಅವನ ಪ್ರವೇಶಕ್ಕೇ ಅಡ್ಡಿ ಬೇಕು ಎಂದರೆ ಡಿವಿ ಕಾಯ್ದೆಯ ಸೆಕ್ಷನ್ 19 ಇದೆ. ಅದಕ್ಕೇ ಡಿವಿ ಮೊದಲು ಅಂದದ್ದು.

ತಡೆಯಾಜ್ಞೆ ಸಿಕ್ಕಿದ ಮೇಲೂ ಪೊಲೀಸರು ಬರುತ್ತಿಲ್ಲ ಎಂದಾದರೆ, ಅದೇ ದಾವೆಯಲ್ಲಿ ಸಿಪಿಸಿ 151ರ ಅಡಿ ಪೊಲೀಸ್ ನೆರವಿಗೆ ಇನ್ನೊಂದು ಐಎ ಹಾಕಬಹುದು. ಏಕಪಕ್ಷೀಯ ಆದೇಶದ ಮೇಲೆ ಪೊಲೀಸರನ್ನು ಕಳುಹಿಸಲು ಅನೇಕ ನ್ಯಾಯಾಧೀಶರು ಹಿಂಜರಿಯುತ್ತಾರೆ, ಎರಡೂ ಕಡೆ ಕೇಳಿ ಆದೇಶ ಖಾಯಂ ಆದ ಮೇಲೆ ದಾರಿ ಸಲೀಸು. ಆದೇಶ ಮುರಿದದ್ದಕ್ಕೆ ಆರ್ಡರ್ 39ರ ರೂಲ್ 2ಎ ಇದೆ: ಆಸ್ತಿ ಜಪ್ತಿ, ಮೂರು ತಿಂಗಳವರೆಗೆ ಸಿವಿಲ್ ಜೈಲು. ಆದರೆ ಅದಕ್ಕೆ ಪ್ರತ್ಯೇಕ ವಿಚಾರಣೆ, ಸಾಕ್ಷಿ ಎಲ್ಲ ಆಗಬೇಕು. ತುರ್ತಿಗೆ ಅದು ಒದಗುವುದಿಲ್ಲ.

ಈ ಎರಡರಲ್ಲಿ ಯಾವುದಾದರೂ ಆದೇಶ ಕೈಯಲ್ಲಿದ್ದು, ಠಾಣೆಗೆ ಕೊಟ್ಟ ಸೀಲು ಇದ್ದು, ಎಸ್‌ಪಿಗೆ ಬರೆದ ಮನವಿ ಇದ್ದು, ಆದರೂ ಯಾರೂ ಅಲ್ಲಾಡದಿದ್ದರೆ ಆಗ ಧಾರವಾಡಕ್ಕೆ ಹೋಗಿ. ಅದೇ ರಿಟ್, ಆದರೆ ಈಗ ನ್ಯಾಯಮೂರ್ತಿಗಳ ಮೊದಲ ಪ್ರಶ್ನೆಗೆ ನಿಮ್ಮಲ್ಲಿ ಉತ್ತರ ಇರುತ್ತದೆ. ಆಗ ವಿವರಣೆ ಕೊಡಬೇಕಾದವರು ಪೊಲೀಸರು.

ಅವ್ವನ ಹೆಸರಿನಲ್ಲಿ ಇನ್ನೊಂದು ಬಾಗಿಲಿದೆ. ಹಿರಿಯ ನಾಗರಿಕರ ಕಾಯ್ದೆ 2007ರ ಅಡಿ ಅಸಿಸ್ಟೆಂಟ್ ಕಮಿಷನರ್ ಮುಂದೆ ಅರ್ಜಿ ಹಾಕಿದರೆ ತಿಂಗಳಿಗೆ 10,000 ರೂಪಾಯಿವರೆಗೆ ಜೀವನಾಂಶ ಕೇಳಬಹುದು. ಹಿರಿಯರ ಪ್ರಾಣ, ಆಸ್ತಿ ಕಾಪಾಡುವ ಹೊಣೆಯನ್ನೂ ಈ ಕಾಯ್ದೆ ಜಿಲ್ಲಾಡಳಿತದ ಮೇಲೆ ಹಾಕುತ್ತದೆ. ಅವ್ವನಿಗೆ ಕೈಖರ್ಚಿಗೆ ತೊಂದರೆಯಿದ್ದರೆ ಹಾಕಿ. ಮಗನನ್ನು ದೂರವಿಡಲು ಇದನ್ನೇ ನೆಚ್ಚಿಕೊಳ್ಳಬೇಡಿ, ಮನೆ ಅವ್ವನೊಬ್ಬಳದೇ ಅಲ್ಲ. ನಮ್ಮ ಬೆಂಗಳೂರಿನಿಂದಲೇ ಹೋದ ಎಸ್. ವನಿತಾ ಪ್ರಕರಣದಲ್ಲಿ 2020ರಲ್ಲಿ ಸುಪ್ರೀಂ ಕೋರ್ಟ್ ಇನ್ನೊಂದು ಮಾತು ಹೇಳಿದೆ: ಡಿವಿ ಕಾಯ್ದೆಯಲ್ಲಿ ಸೊಸೆಗಿರುವ ವಾಸದ ಹಕ್ಕನ್ನು ಹಿರಿಯ ನಾಗರಿಕರ ಕಾಯ್ದೆ ಬಳಸಿ ಸುಲಭವಾಗಿ ಅಳಿಸಿಹಾಕುವಂತಿಲ್ಲ. ನಾಳೆ ಅಣ್ಣ ತಾನು ಬರದೆ ಅತ್ತಿಗೆಯನ್ನು ಮನೆಗೆ ಕಳುಹಿಸಿದರೆ ಈ ತೀರ್ಪು ಅವರ ಕೈಯಲ್ಲಿರುತ್ತದೆ. ಅಂಥ ಸಂದರ್ಭದಲ್ಲಿ ಅವರನ್ನು ಬಾಗಿಲಲ್ಲಿ ತಡೆದು ನೀವೇ ಆರೋಪಿಯಾಗಬೇಡಿ, ಕೂಡಲೇ ಮ್ಯಾಜಿಸ್ಟ್ರೇಟರ ಗಮನಕ್ಕೆ ತನ್ನಿ.

ಠಾಣೆಯವರು ‘ಪಿಎಆರ್ ಹಾಕುತ್ತೇವೆ’ (ಮುಂಜಾಗ್ರತಾ ಕ್ರಮದ ವರದಿ) ಎಂದರೂ ಹುಷಾರಾಗಿರಿ. ಹಿಂದೆ 107 ಅನ್ನುತ್ತಿದ್ದದ್ದು ಈಗ ನಾಗರಿಕ ಸುರಕ್ಷಾ ಸಂಹಿತೆಯ 126. ತಹಶೀಲ್ದಾರರ ಮುಂದೆ ಕರೆಸಿ, ಒಂದು ವರ್ಷದವರೆಗೆ ಶಾಂತಿ ಕಾಪಾಡುತ್ತೇನೆ ಎಂದು ಬಾಂಡ್ ಬರೆಸುತ್ತಾರೆ. ಅಣ್ಣನೊಬ್ಬನ ಮೇಲೆ ಹಾಕಿದರೆ ಒಳ್ಳೆಯದೇ. ಆದರೆ ಸಮತೋಲನ ಮಾಡಲು ಎರಡೂ ಕಡೆಯವರ ಮೇಲೆ ಹಾಕುವ ಅಭ್ಯಾಸ ಠಾಣೆಗಳಲ್ಲಿದೆ. ನಿಮ್ಮ ಮೇಲೂ ಹಾಕಿದರೆ ಸುಮ್ಮನೆ ಸಹಿ ಮಾಡದೆ, ನಾವು ತೊಂದರೆಗೊಳಗಾದವರು ಎಂದು ದೂರುಗಳ ಪ್ರತಿ ಇಟ್ಟು ಲಿಖಿತ ಆಕ್ಷೇಪಣೆ ಕೊಡಿ.

ಖರ್ಚು ಮತ್ತು ಬೀಗ

ಖರ್ಚಿನ ಬಗ್ಗೆ ಚಿಂತೆ ಬೇಡ. ಕಾನೂನು ಸೇವೆಗಳ ಪ್ರಾಧಿಕಾರ ಕಾಯ್ದೆ 1987ರ ಸೆಕ್ಷನ್ 12ರಂತೆ ಮಹಿಳೆಯರಿಗೆ ಉಚಿತ ಕಾನೂನು ನೆರವು ಸಿಗುತ್ತದೆ, ಆದಾಯ ಎಷ್ಟೇ ಇರಲಿ. ತಾಲ್ಲೂಕು ಕಾನೂನು ಸೇವಾ ಸಮಿತಿ ನಿಮ್ಮ ಕೋರ್ಟ್ ಆವರಣದಲ್ಲೇ ಇರುತ್ತದೆ. ಬಿಳಿ ಹಾಳೆಯಲ್ಲಿ ಅರ್ಜಿ ಬರೆದುಕೊಟ್ಟರೆ ವಕೀಲರನ್ನು ನೇಮಿಸುತ್ತಾರೆ. ಹೋಗುವ ಮುಂಚೆ ಕೇಳಬೇಕೆಂದರೆ 15100ಕ್ಕೆ ಫೋನ್ ಮಾಡಿ. ನೇಮಿಸಿದ ವಕೀಲರು ಕೋರ್ಟಿಗೆ ಸರಿಯಾಗಿ ಬರದಿದ್ದರೆ ಬದಲಿಸಿ ಎಂದು ಅದೇ ಸಮಿತಿಗೆ ಬರೆದುಕೊಡಬಹುದು, ಸಂಕೋಚ ಬೇಡ. ಮಹಿಳಾ ಸಹಾಯವಾಣಿ 181, ಹಿರಿಯರ ಸಹಾಯವಾಣಿ 14567, ಇವೆರಡನ್ನೂ ಅವ್ವನ ಫೋನಿನಲ್ಲೂ ಸೇವ್ ಮಾಡಿಡಿ.

ಬೀಗವನ್ನು ನೀವೇ ಒಡೆಯಬೇಡಿ. ಕೋಣೆ ನಿಮ್ಮ ಮನೆಯದ್ದೇ, ಸಿಟ್ಟು ಬರುವುದು ಸಹಜ. ಆದರೆ ಒಡೆದ ಮರುಗಳಿಗೆ ‘ಕೋಣೆಯಲ್ಲಿ ನನ್ನ ಬಂಗಾರ ಇತ್ತು’ ಎಂಬ ದೂರು ಬರುತ್ತದೆ. ಹಾಕಿದ ಬೀಗದ ಫೋಟೊ ತೆಗೆದು, ತಾರೀಖು ಬರೆದು, ಒಳಗಿರುವ ನಿಮ್ಮ ಸಾಮಾನುಗಳ ಪಟ್ಟಿ ಮಾಡಿ ದೂರಿಗೆ ಸೇರಿಸಿ. ಡಿವಿ ಅರ್ಜಿಯ ಮಧ್ಯಂತರ ಪ್ರಾರ್ಥನೆಯಲ್ಲೇ ಬೀಗ ತೆಗೆಸಿ ಕೋಣೆ ಬಿಟ್ಟುಕೊಡಿಸಿ, ನೀರಿನ ಸಂಪರ್ಕ ಮರಳಿ ಕೊಡಿಸಿ ಎಂದು ಕೇಳಿ. ಆದೇಶ ಬಂದ ಮೇಲೆ ಠಾಣೆಯವರ ಎದುರು, ವಿಡಿಯೊ ಮಾಡಿಕೊಂಡು, ಪಂಚರ ಸಹಿ ಹಾಕಿಸಿ ತೆಗೆಸಿ.

ಒಂದು ವೇಳೆ ನೀವು ಹೊರಗೆ ಹೋದಾಗ ಅಣ್ಣ ಇಡೀ ಮನೆಗೇ ಬೀಗ ಜಡಿದುಬಿಟ್ಟರೆ, ಅದೇ ದಿನ 112ಕ್ಕೆ ಕರೆ ಮಾಡಿ, ಮರುದಿನವೇ ಮ್ಯಾಜಿಸ್ಟ್ರೇಟರ ಮುಂದೆ ತುರ್ತು ಅರ್ಜಿ ಹಾಕಿಸಿ. ಇದಲ್ಲದೆ ನಿರ್ದಿಷ್ಟ ಪರಿಹಾರ ಕಾಯ್ದೆ 1963ರ ಸೆಕ್ಷನ್ 6ರ ಅಡಿ ಸಿವಿಲ್ ದಾವೆಯನ್ನೂ ಹಾಕಬಹುದು. ಅಲ್ಲಿ ಮಾಲೀಕ ಯಾರು ಎಂದು ಕೇಳುವುದಿಲ್ಲ. ನೀವು ಅಲ್ಲಿ ವಾಸವಿದ್ದಿರಿ, ಕಾನೂನು ಕ್ರಮವಿಲ್ಲದೆ ಹೊರಹಾಕಿದರು ಎಂದು ತೋರಿಸಿದರೆ ಸ್ವಾಧೀನ ಮರಳಿ ಕೊಡಿಸುತ್ತಾರೆ. ಅದಕ್ಕೆ ಗಡುವು ಹೊರಹಾಕಿದ ದಿನದಿಂದ ಆರು ತಿಂಗಳು. ಹಿರಿಯರು ಕೂತು ಮಾತಾಡಿ ಬಗೆಹರಿಸುತ್ತಾರೆ ಎಂದು ಕಾಯುತ್ತಾ ಆ ಆರು ತಿಂಗಳು ಕಳೆದುಕೊಳ್ಳಬೇಡಿ. ಮಾತುಕತೆ ದಾವೆ ಹಾಕಿದ ಮೇಲೂ ನಡೆಸಬಹುದು.